ನೀನೇ ಬಂದು ಹೊಡಿ

ಹಮ್ರಿಯಾ, ಮಸ್ಕತ್
ಅಕ್ಟೋಬರ್ 11, 2024

ಹೇಝಲ್,

ಕ್ಷೇಮ ಸಮಾಚಾರ ಆಮೇಲೆ, ಮೊದಲು ಬೈಗುಳ. ಫೋನಿನಲ್ಲೇ ಬೈಯಬಹುದಿತ್ತು. ಆದರೆ ನೀನು ನಡುವೆ ಬಾಯಿ ಹಾಕುತ್ತೀ, ಮೂಗು ಒರೆಸಿಕೊಳ್ಳುತ್ತೀ, ನನ್ನ ಸಿಟ್ಟು ಅರ್ಧಕ್ಕೇ ಇಳಿದುಹೋಗುತ್ತದೆ. ಕಾಗದಕ್ಕೆ ಆ ತೊಂದರೆ ಇಲ್ಲ. ಕೊನೆಯ ಸಾಲಿನವರೆಗೂ ನೀನು ಬಾಯಿ ಮುಚ್ಚಿಕೊಂಡು ಓದಬೇಕು.

ಮಂಗಳೂರಿನ ಒಂದು ಚಾನೆಲ್ಲಿನವರಿಗೆ ನೀನು ಕೊಟ್ಟ ಸಂದರ್ಶನ ನೋಡಿದೆ. 'ನಮ್ಮೂರಿನ ಹುಡುಗಿ, ಅಮೇರಿಕಾದ ನಟಿ' ಎಂದು ಕೆಳಗೆ ಬರೆದಿದ್ದರು. ಐವತ್ತೆಂಟು ದಾಟಿದವಳು ಅವರಿಗೆ ಹೇಗೆ ಹುಡುಗಿಯಾಗಿ ಕಂಡಳೋ, ಇರಲಿ. ಮೊಮ್ಮಗಳು ರಸೀನಾ ಮೊಬೈಲ್ ಹಿಡಿದುಕೊಂಡು ಅಂಗಡಿಗೆ ಓಡಿ ಬಂದಳು. ನಾನು ಒಂದು ಅಬಾಯಾದ ತೋಳಿಗೆ ಲೇಸ್ ಕೂರಿಸುತ್ತಿದ್ದೆ. "ಉಮ್ಮಮ್ಮ, ದಿಸ್ ಇಸ್ ಯು, ಅಲ್ವಾ?" ಎಂದಳು.

ಅದರಲ್ಲಿ ನೀನು ಹೇಳುತ್ತೀ: ಮಸ್ಕತ್ತಿನಲ್ಲಿ ಸೈನಬ ಎಂಬ ಗೆಳತಿ ಇದ್ದಳು, ಹಮ್ರಿಯಾದ ಟೈಲರ್ ಒಬ್ಬನ ಹೆಂಡತಿ. ನಾಟಕದ ನಡುವೆ ಗಂಡ ಸ್ಟೇಜಿಗೆ ನುಗ್ಗಿದ. ಇಡೀ ಹಾಲ್ ನೋಡುತ್ತಿದ್ದಂತೆ ಅವಳ ಕೆನ್ನೆಗೆ ಬಾರಿಸಿ ಎಳೆದುಕೊಂಡು ಹೋದ. ಪರದೆಯ ಹಿಂದೆ ನಿಂತಿದ್ದ ನಾನು ಅವಳ ಜಾಗದಲ್ಲಿ ಹೋಗಿ ನಿಂತೆ, ನಟಿಯಾಗಿ ಹುಟ್ಟಿದ್ದು ಅಲ್ಲೇ, ಎನ್ನುತ್ತೀ. ಅದನ್ನೇ ಏಕವ್ಯಕ್ತಿ ನಾಟಕ ಮಾಡಿದ್ದೀಯಂತೆ. ಮೂರು ವರ್ಷದಿಂದ ನ್ಯೂಯಾರ್ಕಿನಲ್ಲಿ ಆಡುತ್ತಿದ್ದೀಯಂತೆ. ಬರುವ ವರ್ಷ ಸಿನಿಮಾ ಆಗುತ್ತದಂತೆ. ಹೇಳುವಾಗ ನಿನ್ನ ಕಣ್ಣಲ್ಲಿ ನೀರು ಬೇರೆ. ಆ ನೀರನ್ನು ನಾನು ಚೆನ್ನಾಗಿ ಬಲ್ಲೆ. ಇನ್ಶೂರೆನ್ಸ್ ಆಫೀಸಿನಲ್ಲಿ ಟೈಪಿಸ್ಟ್ ಆಗಿದ್ದಾಗ ರಜೆ ಕೇಳಲು ಮ್ಯಾನೇಜರನ ಮುಂದೆ ಹರಿಸುತ್ತಿದ್ದ ನೀರೇ ಅದು.

ಆ ಸಂಜೆ ಏನಾಯಿತೆಂದು ನಿನಗೂ ಗೊತ್ತುಂಟು, ನನಗೂ ಗೊತ್ತುಂಟು. ಅದರ ನಡುವೆ ನಿಂತಿದ್ದ ಮೂರನೆಯವರು, ನನ್ನವರು, ಖಬರಿನಲ್ಲಿ ಮಲಗಿ ಎರಡು ವರ್ಷವಾಯಿತು. ಅವರು ಸತ್ತಾಗ ನೀನು ಫೋನ್ ಮಾಡಿ ಅತ್ತದ್ದು ನೆನಪಿದೆಯಾ? ಆಗಲೂ ನಿನ್ನ ನಾಟಕ ನಡೆಯುತ್ತಲೇ ಇತ್ತು. ಸಂಜೆ ಅವರನ್ನು ಕಟುಕನನ್ನಾಗಿ ಮಾಡಿ, ಮರುದಿನ ಬೆಳಿಗ್ಗೆ ಅವರ ಹೆಂಡತಿಯ ಹತ್ತಿರ ಅತ್ತೆ. ಬೆಕ್ಕು ಕಣ್ಣು ಮುಚ್ಚಿ ಹಾಲು ಕುಡಿದರೆ ಹಮ್ರಿಯಾಕ್ಕೆ ಕಾಣುವುದಿಲ್ಲ ಎಂದುಕೊಂಡೆಯಾ?

ನನಗೆ ಬೇಕಾದದ್ದು ಒಂದೇ. ಸಿನಿಮಾ ಆಗುವ ಮೊದಲು ಆ ಪೆಟ್ಟನ್ನು ತೆಗೆದುಹಾಕು. ಮಹಮೂದ್ ಎಂಬ ಮನುಷ್ಯ ನನ್ನ ಮೇಲೆ ಕೈ ಎತ್ತಿದವರಲ್ಲ.

ಇಲ್ಲಿ ಸೆಕೆ ಇನ್ನೂ ಇಳಿದಿಲ್ಲ. ನನ್ನ ಮೊಣಕಾಲು ನೋವು ಹಾಗೇ ಉಂಟು. ಕ್ಷೇಮ ಸಮಾಚಾರ ಮುಗಿಯಿತು.

ಸಿಟ್ಟಿನಲ್ಲಿರುವ
ಸೈನಬ

•

ಜೆರ್ಸಿ ಸಿಟಿ
ನವೆಂಬರ್ 3, 2024

ಸೈನಬ,

ಬಾಯಿ ಮುಚ್ಚಿಕೊಂಡೇ ಓದಿದೆ. ಈಗ ನಿನ್ನ ಸರದಿ.

ಕನ್ನಡದಲ್ಲಿ ಕಾಗದ ಬರೆದು ಎಷ್ಟೋ ಕಾಲವಾಯಿತು, ಒತ್ತಕ್ಷರಗಳು ಎಲ್ಲೆಲ್ಲೋ ಹೋಗಿ ಕೂತರೆ ನಗಬೇಡ. ಅಥವಾ ನಗು, ನೀನು ಹೇಗೂ ನಗುವವಳೇ.

ಮೊದಲನೆಯದಾಗಿ, ನಾಟಕದಲ್ಲಿ ನಿನ್ನ ಹೆಸರಿಲ್ಲ. ಅವಳು ಝುಬೈದಾ. ಸಂದರ್ಶನದಲ್ಲಿ ನಿನ್ನ ಹೆಸರು ಬಾಯಿತಪ್ಪಿ ಬಂತು, ಅದಕ್ಕೆ ಬೇಕಾದರೆ ಬೈದುಕೋ. ಆದರೆ ನಾಟಕ ನನ್ನದು. ಊರಿನಿಂದ ತಂದ ಮೀನನ್ನು ಹೇಗೆ ಸಾರು ಮಾಡಬೇಕೆಂದು ಮೀನು ಹೇಳಬಾರದು.

ಎರಡನೆಯದು. ನನ್ನ ಬದುಕು ನಿನಗೆ ಎಷ್ಟು ಗೊತ್ತು? ಡ್ಯಾನಿಯಲ್‌ನನ್ನು ಮದುವೆಯಾಗಿ ಇಲ್ಲಿಗೆ ಬಂದೆ, ಒಂದು ಆಸ್ಪತ್ರೆಯ ರಿಸೆಪ್ಶನ್ನಿನಲ್ಲಿ ಕೂತೆ, ಸಂಜೆ ಲೈಬ್ರರಿಯ ನೆಲಮಾಳಿಗೆಯಲ್ಲಿ ನಾಟಕ ಕಲಿಸುತ್ತಾರೆಂದು ಹೋಗಿ ಸೇರಿದೆ. ಕೇಕ್ ಸುಡುವುದು ಕಲಿತಿದ್ದರೆ ಮನೆಗಾದರೂ ಉಪಯೋಗವಿತ್ತು ಎಂದ ಡ್ಯಾನಿಯಲ್. ಅವನೂ ನಾನೂ ಬೇರೆಯಾದದ್ದು ಆ ಮಾತಿಗಲ್ಲ, ಆದರೆ ಆ ಮಾತು ನನಗೆ ಮರೆತಿಲ್ಲ. ಮೊದಲ ಪಾತ್ರ ಸಿಕ್ಕಿದ್ದು ಕಸ ಗುಡಿಸುವವಳದ್ದು. ಒಂದೇ ಮಾತು: "ಬುಟ್ಟಿ ಖಾಲಿ ಮಾಡಲೇ, ಸರ್?" ಅದನ್ನು ಹೇಳಲು ನಾನು ವಾರಗಟ್ಟಲೆ ಕನ್ನಡಿಯ ಮುಂದೆ ನಿಂತಿದ್ದೆ. ಆಮೇಲೆ ನರ್ಸ್ ಆದೆ. ಟ್ಯಾಕ್ಸಿ ಡ್ರೈವರನ ಹೆಂಡತಿಯಾದೆ. ಪೊಲೀಸರು ಹುಡುಕುವ ಹುಡುಗನ ತಾಯಿಯಾದೆ. ಆ ತಾಯಿಯನ್ನು ಬೇರೆಬೇರೆ ಸೀರಿಯಲ್ಲಿನಲ್ಲಿ ಮತ್ತೆಮತ್ತೆ ಮಾಡಿದ್ದೇನೆ. ಹೆಸರು ಬದಲಾಗುತ್ತದೆ, ತಲೆಯ ಮೇಲಿನ ಬಟ್ಟೆಯ ಬಣ್ಣ ಬದಲಾಗುತ್ತದೆ, ಬಾಗಿಲು ತೆರೆದು "ನನ್ನ ಮಗ ಒಳ್ಳೆಯವನು" ಎನ್ನುವುದು ಬದಲಾಗುವುದಿಲ್ಲ. ನನ್ನ ಇಂಗ್ಲಿಷ್ ಸರಿಯಾಗಿದೆ ಎಂದು ಒಮ್ಮೆ ಪಾತ್ರವೇ ತಪ್ಪಿಹೋಯಿತು. ಸ್ವಲ್ಪ ಕೆಡಿಸಿ ಮಾತಾಡಿ ಎಂದರು. ಕೆಡಿಸಿದೆ.

ಅಷ್ಟೆಲ್ಲ ಆದ ಮೇಲೆ, ಮುಖದಲ್ಲಿ ಗೆರೆ ಬಿದ್ದ ಮೇಲೆ, ನನ್ನದೇ ಒಂದು ನಾಟಕ. ಸ್ಟೇಜಿನಲ್ಲಿ ಮೊದಲಿನಿಂದ ಕೊನೆಯವರೆಗೆ ನಾನೊಬ್ಬಳೇ. ಜನ ಎದ್ದು ನಿಂತು ಚಪ್ಪಾಳೆ ಹೊಡೆಯುತ್ತಾರೆ ಸೈನಬ. ಆ ಪೆಟ್ಟಿನ ಹೊತ್ತಿಗೆ ಹಾಲ್ ಉಸಿರು ಬಿಗಿಹಿಡಿಯುತ್ತದೆ. ಅದನ್ನು ತೆಗೆದರೆ ನಾಟಕವೇ ಕೂತುಹೋಗುತ್ತದೆ. ಸಿನಿಮಾದವರಿಗೆ ಬೇಕಾದದ್ದೂ ಅದೇ. ಮುದುಕಿ ಝುಬೈದಾ ನಾನೇ. ಇಂಥ ಪಾತ್ರ ನನಗೆ ಮತ್ತೆ ಬರುವುದಿಲ್ಲ.

ಮಹಮೂದಣ್ಣನ ಮೇಲೆ ನನಗೆಷ್ಟು ಪ್ರೀತಿ ಇತ್ತೆಂದು ನೀನು ಕೇಳಬೇಡ, ನಾನು ಹೇಳುವುದೂ ಇಲ್ಲ. ಅದು ಬೇರೆ, ಇದು ಬೇರೆ. ಒಂದು ಸಾಲನ್ನೂ ಬದಲಾಯಿಸುವುದಿಲ್ಲ.

ಹೇಝಲ್

•

ಹಮ್ರಿಯಾ
ನವೆಂಬರ್ 29, 2024

ಮೀನಿನ ಸಾರಿನವಳಿಗೆ,

ಮೀನು ಮಾತಾಡುತ್ತಿದೆ, ಕೇಳು.

ನನ್ನ ಮಗ ಅಫ್ವಾನ್ ದುಕ್ಮ್ ಬಂದರಿನಲ್ಲಿ ಕೆಲಸ ಮಾಡುವುದು ನಿನಗೆ ಗೊತ್ತು. ಕಳೆದ ವಾರ ಕಂಪನಿ ಬಸ್ಸಿನಲ್ಲಿ ಮಸ್ಕತ್ತಿಗೆ ಬರುವಾಗ ನಮ್ಮ ಕಡೆಯ ಒಬ್ಬ, ಪಾಪ, ಒಳ್ಳೆಯ ಮನಸ್ಸಿನಿಂದಲೇ, ಕೇಳಿದನಂತೆ: "ನಿನ್ನ ಬಾಪ ಉಮ್ಮನಿಗೆ ತುಂಬ ಹೊಡೀತಿದ್ರಾ?" ದುಕ್ಮಿನಿಂದ ಇಲ್ಲಿಗೆ ಎಷ್ಟು ದಾರಿ ಇದೆಯೋ ಅಷ್ಟೂ ದಾರಿ ಅವನು ಕಿಟಕಿ ನೋಡುತ್ತಾ ಕೂತಿದ್ದಾನೆ. ಮನೆಗೆ ಬಂದವನು ಚಪ್ಪಲಿಯನ್ನೂ ಕಳಚಲಿಲ್ಲ. "ಉಮ್ಮ, ಹೌದಾ?" ಎಂದ. ಮಗ, ಹೇಝಲ್. ಆ ಮನುಷ್ಯನ ಹೆಗಲ ಮೇಲೆ ಬೆಳೆದ ಮಗ ಬಂದು ನನ್ನನ್ನು ಕೇಳುತ್ತಾನೆ.

ಈಗ ಆ ಸಂಜೆಯನ್ನು ನಾನು ಬರೆಯುತ್ತೇನೆ. ನೀನು ಮರೆತಿಲ್ಲ, ನನಗೆ ಗೊತ್ತು. ಆದರೂ ಒಬ್ಬರಾದರೂ ಇದ್ದದ್ದನ್ನು ಇದ್ದ ಹಾಗೆ ಬರೆದಿಡಬೇಕು.

ಇಲ್ಲಿನ ನಮ್ಮ ಕನ್ನಡ ಸಂಘದ ನಾಟಕ. ಊರಿನಿಂದ ಯಾರೋ ತಂದ ಪುಸ್ತಕ, ಗಂಡ ಹೆಂಡತಿ ಅತ್ತೆಯ ಕಥೆ. ಹೆಂಡತಿ ನಾನು. ಗಂಡ ಕ್ರಿಸ್ಟೋಫರ್, ಹೋಟೆಲಿನ ಅಡುಗೆಮನೆಯಲ್ಲಿ ಇದ್ದವನು. ಎಲ್ಲರೂ ದುಡಿಯುವವರು, ಮಾತು ಬಾಯಿಪಾಠ ಮಾಡಲು ಪುರುಸೊತ್ತು ಯಾರಿಗಿತ್ತು? ಸೈಡ್ ಪರದೆಯ ಹಿಂದೆ ಪ್ರಾಂಪ್ಟರ್ ನೀನು, ಕೈಯಲ್ಲಿ ಪುಸ್ತಕ. ನೀನು ಪಿಸುಗುಟ್ಟಿದ್ದನ್ನು ನಾವು ಗಟ್ಟಿಯಾಗಿ ಹೇಳುವುದು. ಪ್ರಾಂಪ್ಟರ್ ಒಳ್ಳೆಯವಳಿದ್ದರೆ ಕಂಬವೂ ನಾಟಕ ಮಾಡುತ್ತದೆ ಎಂದು ಕ್ರಿಸ್ಟೋಫರ್ ಹೇಳುತ್ತಿದ್ದ. ಬ್ಯಾರಿ ಹೆಂಗಸು ಸ್ಟೇಜ್ ಹತ್ತುವುದೇ ಎಂದು ನಾಲ್ಕು ಜನ ಮೂಗು ಮುರಿದಾಗ ಅಂಗಡಿಯಲ್ಲಿ ಕೂತೇ ಉತ್ತರ ಕೊಟ್ಟವರು ನನ್ನವರು: "ಅವಳಿಗೆ ಬರ್ತದೆ, ಮಾಡ್ತಾಳೆ. ನಿಮಗೆ ಬರುದಿಲ್ಲ, ನೋಡಿ." ನಮ್ಮೆಲ್ಲರ ಬಟ್ಟೆ ಹೊಲಿದದ್ದು ಅವರು. ನೀನು ಅಡಗಿ ನಿಂತ ಆ ಪರದೆಯನ್ನು ಹೊಲಿದದ್ದೂ ಅವರೇ.

ಅವತ್ತು ಹೋಟೆಲಿನಲ್ಲಿ ದೊಡ್ಡ ಪಾರ್ಟಿ. ಕ್ರಿಸ್ಟೋಫರನಿಗೆ ಬಿಡಲಿಲ್ಲ. ಹಾಲ್ ತುಂಬಿದೆ, ಮುಖ್ಯ ಅತಿಥಿಯ ಭಾಷಣವೂ ಮುಗಿಯುತ್ತಾ ಬಂತು. ರಿಹರ್ಸಲ್ ಎಲ್ಲ ನೋಡಿದವರು, ಎಲ್ಲಿ ನಿಲ್ಲಬೇಕೆಂದು ಬಲ್ಲವರು ಎಂದು ನನ್ನವರ ಕುತ್ತಿಗೆಗೆ ಟೈ ಕಟ್ಟಿ ಸ್ಟೇಜಿಗೆ ದೂಡಿದ್ದು ಯಾರು? ನೀನು.

ಮೂರನೇ ಅಂಕ. ಗಂಡನಿಗೆ ಸಿಟ್ಟು ಬರುತ್ತದೆ. ಪುಸ್ತಕದಲ್ಲಿ ಬ್ರಾಕೆಟಿನೊಳಗೆ 'ಹೊಡೆಯುತ್ತಾನೆ' ಎಂದಿದೆ. ಅದು ಮಾಡಬೇಕಾದದ್ದು, ಓದಬೇಕಾದದ್ದಲ್ಲ. ಗಡಿಬಿಡಿಯಲ್ಲಿ ನೀನು ಅದನ್ನೂ ಓದಿದೆ. ಅವರು ಕೈ ಎತ್ತಿದರು. ಕೈ ಅಲ್ಲೇ ನಿಂತಿತು. ನೀನು ಮತ್ತೆ, "ಹೊಡೆಯುತ್ತಾನೆ!" ಕೈ ಕೆಳಗೆ ಬರಲಿಲ್ಲ. ಮೂರನೇ ಸಲ ನೀನು ಕಿರುಚಿದ್ದು ಹೊರಗೆ ಪಾರ್ಕಿಂಗಿನಲ್ಲಿದ್ದ ಡ್ರೈವರುಗಳಿಗೂ ಕೇಳಿಸಿತು. ಆಗ ಅವರು ನನ್ನ ಮುಖ ನೋಡಿದರು, ಆಮೇಲೆ ಪರದೆಯ ಕಡೆ ತಿರುಗಿ ಸಾವಧಾನವಾಗಿ ಹೇಳಿದರು:

"ನನ್ನಿಂದ ಆಗುದಿಲ್ಲ ಹೇಝಲ್. ಬೇಕಾದ್ರೆ ನೀನೇ ಬಂದು ಹೊಡಿ."

ಹಾಲ್ ಹಾಲೇ ಬಿದ್ದು ಬಿದ್ದು ನಕ್ಕಿತು. ನೀನು ರೋಷದಲ್ಲಿ ಪುಸ್ತಕ ಹಿಡಿದುಕೊಂಡೇ ಹೊರಗೆ ಬಂದೆ. ನಮ್ಮಿಬ್ಬರ ನಡುವೆ ನಿಂತು ಅತ್ತೆಯ ಮಾತು, ಗಂಡನ ಮಾತು, ಎಲ್ಲವನ್ನೂ ನೀನೇ ಹೇಳಿ ನಾಟಕ ಮುಗಿಸಿದೆ. ಜನ ಚಪ್ಪಾಳೆ ಹೊಡೆದರು. ನೀನು ನಟಿಯಾಗಿ ಹುಟ್ಟಿದ್ದು ಅವರ ನಿಂತ ಕೈಯಿಂದ, ಬಿದ್ದ ಕೈಯಿಂದಲ್ಲ.

ನೀನೇ ಬಂದು ಹೊಡಿ ಎಂದಿದ್ದರು. ಅಮೇರಿಕಾಕ್ಕೆ ಹೋಗಿ, ಎಷ್ಟೋ ವರ್ಷ ಕಾದು, ನೀನು ಬಂದು ಹೊಡೆದೆ. ನನಗಲ್ಲ, ಅವರಿಗೆ. ಪ್ರತಿ ಸಂಜೆ ಟಿಕೆಟ್ ಇಟ್ಟು ಹೊಡೆಯುತ್ತಿದ್ದೀ.

ಸರಿ. ನಾಟಕ ನಿನ್ನದು, ನೀನು ಬದಲಾಯಿಸುವುದಿಲ್ಲ. ಹಾಗಾದರೆ ನಾನೂ ಒಂದು ಮಾಡುತ್ತೇನೆ. ಬರುವ ನವೆಂಬರ್ ರಾಜ್ಯೋತ್ಸವಕ್ಕೆ ಸಂಘದಲ್ಲಿ ನಾಟಕ ಕೇಳುತ್ತಿದ್ದಾರೆ. ನೀನು ನನ್ನನ್ನು ಮಾಡಿದೆ, ನಾನು ನಿನ್ನನ್ನು ಮಾಡುತ್ತೇನೆ. ಅಮೇರಿಕಾದ ದೊಡ್ಡ ನಟಿ ಹೇಝಲ್ ಅವರ ಜೀವನ ಮತ್ತು ಸಾಧನೆ. ಮುಖ್ಯ ಪಾತ್ರದಲ್ಲಿ ಹಮ್ರಿಯಾದ ಸೈನಬ. ಹುಣಸೆ ಮರ ಮುಪ್ಪಾದರೂ ಹುಳಿ ಮುಪ್ಪಲ್ಲ, ನೋಡುತ್ತಿರು.

ಸೈನಬ
(ಟೈಲರ್ ಮಹಮೂದ್ ಅವರ ಹೆಂಡತಿ)

•

ಹಮ್ರಿಯಾ
ಜನವರಿ 17, 2025

ಉತ್ತರ ಕೊಡದವಳಿಗೆ,

ನಿನ್ನ ಮೌನದಿಂದ ನನಗೇನೂ ನಷ್ಟವಿಲ್ಲ. ಬರೆಯಲು ವಿಷಯ ತಾನಾಗಿ ನಡೆದುಕೊಂಡು ಬರುತ್ತದೆ.

ಕಳೆದ ಸೋಮವಾರ ಅಂಗಡಿಗೆ ಬಿಳಿಯರಿಬ್ಬರು ಬಂದರು, ಜೊತೆಗೆ ಒಬ್ಬ ಒಮಾನಿ ಹುಡುಗ. ಸಿನಿಮಾಕ್ಕೆ ಜಾಗ ನೋಡುವವರಂತೆ. ಟೈಲರ್ ಅಂಗಡಿಯ ಫೋಟೋ ಬೇಕಂತೆ. ಹೆಂಗಸು ಬಂದು ಗೋಡೆ ಮುಟ್ಟಿದಳು, ಟ್ಯೂಬ್‌ಲೈಟ್ ನೋಡಿದಳು, ಕತ್ತರಿ ತೂಗಿದ್ದನ್ನು ನೋಡಿದಳು. ಮುಖದಲ್ಲಿ ಸಂತೋಷವಿಲ್ಲ. ಏನಂತೆ ಎಂದು ಒಮಾನಿ ಹುಡುಗನನ್ನು ಹಿಂದಿಯಲ್ಲಿ ಕೇಳಿದೆ. ಅವನು ಸಂಕೋಚದಿಂದ ಹೇಳಿದ, ಅಂಗಡಿ ಸ್ವಲ್ಪ ಜಾಸ್ತಿ ಚೊಕ್ಕಟವಾಯಿತಂತೆ. ಬೆಳಕು ಕಡಿಮೆ ಇದ್ದರೆ ಒಳ್ಳೆಯದಿತ್ತಂತೆ. ಇಲ್ಲಿ ಒಬ್ಬಳು ಹೆಂಗಸು ಬಹಳ ದುಃಖದಲ್ಲಿ ಇದ್ದಳಂತೆ.

ಆ ಹೆಂಗಸು ನಾನೇ ಎಂದೆ.

ಇಬ್ಬರೂ ನನ್ನನ್ನು ಮೇಲಿನಿಂದ ಕೆಳಗೆ ನೋಡಿದರು. ಕೂರಿಸಿ ಸುಲೈಮಾನಿ ಚಾ ಕೊಟ್ಟೆ. ಗೋಡೆಯ ಮೇಲಿನ ನಮ್ಮವರ ಫೋಟೋ ತೋರಿಸಿದೆ, ಹೊಡೆಯಲಾರದ ಕಥೆಯನ್ನು ಪೂರ್ತಿ ಹೇಳಿದೆ. ಹುಡುಗ ಇಂಗ್ಲಿಷಿಗೆ ತಿರುಗಿಸುತ್ತಾ ತಾನೇ ನಕ್ಕು ನಕ್ಕು ನಿಲ್ಲಿಸಿಬಿಟ್ಟ. ಗಂಡಸು ನಕ್ಕ. ಹೆಂಗಸು ಮಾತ್ರ ಟೀ ಲೋಟ ಹಿಡಿದುಕೊಂಡು ನನ್ನನ್ನೇ ನೋಡುತ್ತಿದ್ದಳು. ಸಿನಿಮಾದ ಕಥೆಯಲ್ಲಿ ಇದು ಇಲ್ಲವಲ್ಲ ಎಂದಳು. ಇಲ್ಲ ಎಂದೆ. ಫೋಟೋ ತೆಗೆಯಲು ಬಿಡಲಿಲ್ಲ. ಖಲಾಸ್, ಈ ಅಂಗಡಿಯಲ್ಲಿ ಯಾರೂ ಯಾರಿಗೂ ಹೊಡೆದಿಲ್ಲ, ಯಲ್ಲಾ, ನಡೀರಿ, ಬೇರೆ ಕಡೆ ಹುಡುಕಿ ಎಂದು ಕಳಿಸಿದೆ.

ನಮ್ಮ ರಿಹರ್ಸಲ್ ಶುರುವಾಗಿದೆ. ಗುರುವಾರ ಸಂಜೆ ನಮ್ಮ ಮನೆಯಲ್ಲೇ. ಮೊದಲ ದೃಶ್ಯದಲ್ಲಿ ನೀನು ರೂವಿಯ ಆ ಇನ್ಶೂರೆನ್ಸ್ ಆಫೀಸಿನಲ್ಲಿ ಟೈಪ್ ಮಾಡುತ್ತಾ ನಾಟಕದ ಮಾತು ಗೊಣಗುತ್ತೀ, ಮ್ಯಾನೇಜರಿಗೆ ಹೋದ ಕಾಗದದಲ್ಲಿ 'ಅಯ್ಯೋ ಅತ್ತೆ, ನನ್ನನ್ನು ಕೊಲ್ಲಬೇಡಿ' ಎಂದು ಟೈಪ್ ಆಗಿರುತ್ತದೆ. ಆಗಿರಲಿಲ್ಲ ಎಂದು ನೀನು ಹೇಳಬಹುದು. ನಾಟಕ ನನ್ನದು. ಆಮೇಲೆ ಅಮೇರಿಕಾ. ರಸೀನಾಳ ಗೌನ್ ಹಾಕಿಕೊಂಡು ನಾನು ಒಂಟಿ ಕಾಲಿನಲ್ಲಿ ಕುಂಟುತ್ತಾ "ಬುಟ್ಟಿ ಖಾಲಿ ಮಾಡಲೇ, ಸರ್?" ಎನ್ನುತ್ತೇನೆ. ಬಾಗಿಲು ತೆರೆದು "ನನ್ನ ಮಗ ಒಳ್ಳೆಯವನು" ಎನ್ನುತ್ತೇನೆ. ಜನ ನಗುತ್ತಾರೆ. ಕೊನೆಗೆ ನಿನಗೊಂದು ದೊಡ್ಡ ಬಹುಮಾನ ಬರುತ್ತದೆ, ಅದನ್ನು ತೆಗೆದುಕೊಳ್ಳುವಾಗ ನೀನು ಒಬ್ಬ ಸತ್ತ ಟೈಲರನ ಹೆಣದ ಮೇಲೆ ಕಾಲಿಟ್ಟು ನಿಂತಿರುತ್ತೀ. ಅಲ್ಲಿ ಯಾರೂ ನಗುವುದಿಲ್ಲ.

ಹೇಗಿದೆ?

ನಟಿ ಸೈನಬ

•

ಜೆರ್ಸಿ ಸಿಟಿ
ಫೆಬ್ರವರಿ 12, 2025

ಸೈನಬ,

ನಾನು ಕುಂಟುವುದಿಲ್ಲ.

ಕಸ ಗುಡಿಸುವವಳು ಏಕೆ ಕುಂಟಬೇಕು? ಎಲ್ಲಿಂದ ಬಂತು ಆ ಕಾಲು? ನಿನ್ನ ಮೊಣಕಾಲು ನೋವನ್ನು ನನ್ನ ಪಾತ್ರಕ್ಕೆ ಹಚ್ಚಬೇಡ. ನಾನು ಆ ಮಾತನ್ನು ಬೆನ್ನು ನೆಟ್ಟಗೆ ಮಾಡಿ, ಆ ಸಾಹೇಬನ ಕಣ್ಣು ನೋಡಿ ಹೇಳಿದೆ. ತಲೆ ತಗ್ಗಿಸು ಎಂದಿದ್ದರು. ತಗ್ಗಿಸಲಿಲ್ಲ. ಅದಕ್ಕೇ ಮುಂದಿನ ನಾಟಕಕ್ಕೆ ಇನ್ನೊಬ್ಬ ನಿರ್ದೇಶಕ ನನ್ನನ್ನು ಕರೆದ. ನನ್ನ ಬದುಕನ್ನು ಮಾಡುವುದಾದರೆ ಸರಿಯಾಗಿ ಮಾಡು. ಕುಣಿಯಲಾರದವಳು ನೆಲ ಡೊಂಕು ಎನ್ನುವ ಹಾಗೆ ಆಡಬೇಡ.

ಹುಡುಗನ ತಾಯಿಯ ಪಾತ್ರಕ್ಕೆ ಜನ ನಗುತ್ತಾರೆ ಎಂದೆಯಲ್ಲ, ಅದನ್ನು ಓದಿ ಎರಡು ದಿನ ನಿನ್ನ ಕಾಗದ ಮುಟ್ಟಲಿಲ್ಲ. ಆ ತಾಯಂದಿರಿಗೆ ಬರೆದುಕೊಟ್ಟ ಮಾತು ಒಂದೇ ಇತ್ತು ನಿಜ. ಆದರೆ ಪ್ರತಿಯೊಬ್ಬಳ ಕೈಯಲ್ಲಿ ನಾನು ಒಂದೊಂದು ಕೆಲಸ ಇಟ್ಟಿದ್ದೆ. ಒಬ್ಬಳು ಬಾಗಿಲು ತೆರೆಯುವಾಗ ಕೈಗೆ ಹಿಟ್ಟು ಮೆತ್ತಿತ್ತು. ಒಬ್ಬಳ ಕೈಯಲ್ಲಿ ಮಗನ ಅಂಗಿಯ ಗುಂಡಿ ಇತ್ತು, ಹೊಲಿಯಲು ತೆಗೆದದ್ದು. ಕ್ಯಾಮೆರಾದಲ್ಲಿ ಅದು ಬಂತೋ ಇಲ್ಲವೋ, ನನಗೆ ಗೊತ್ತಿತ್ತು. ಆ ಗುಂಡಿ ಹೊಲಿಯುವುದನ್ನು ನಾನು ಕಲಿತದ್ದು ನಿಮ್ಮ ಅಂಗಡಿಯಲ್ಲಿ. ಬೇಕಾದರೆ ಅದಕ್ಕೂ ನಗಿಸು.

ಈಗ ಒಂದು ಸಂಗತಿ ಹೇಳುತ್ತೇನೆ. ಕ್ಷಮೆ ಕೇಳುತ್ತಿದ್ದೇನೆ ಎಂದುಕೊಳ್ಳಬೇಡ, ಕೇಳುವುದಿಲ್ಲ. ನಾಟಕವನ್ನು ಮೊದಲ ಸಲ ಬರೆದಾಗ ಇದ್ದದ್ದನ್ನು ಇದ್ದ ಹಾಗೆ ಬರೆದಿದ್ದೆ. ಟೈ ಕಟ್ಟಿಕೊಂಡ ಮಹಮೂದಣ್ಣ, ಎತ್ತಿದ ಕೈ, ನನ್ನ ಕಿರುಚಾಟ, ಎಲ್ಲ. ಒಂದು ಮಧ್ಯಾಹ್ನ ಥಿಯೇಟರಿನವರ ಮುಂದೆ ಓದಿದೆ. ಚೆನ್ನಾಗಿ ನಕ್ಕರು. ಆಮೇಲೆ ಒಬ್ಬಳು ಬಹಳ ಮರ್ಯಾದೆಯಿಂದ ಕೇಳಿದಳು: ಇದರಲ್ಲಿ ತೊಂದರೆ ಎಲ್ಲಿದೆ? ತೊಂದರೆ ಇಲ್ಲದೆ ನಾಟಕ ಹೇಗೆ? ಇನ್ನೊಬ್ಬ ಹೇಳಿದ, ಗಲ್ಫಿನಲ್ಲಿ ಮುಸ್ಲಿಂ ಗಂಡ ಹೀಗಿರುತ್ತಾನೆ ಎಂದರೆ ನಮ್ಮ ಪ್ರೇಕ್ಷಕರು ನಂಬುವುದಿಲ್ಲ. ಅವನು ಹೊಡೆದಿದ್ದರೆ? ಎಂದ. ನಾನು ಮನೆಗೆ ಬಂದು ಒಂದು ವಾರ ಆ ಪುಟವನ್ನು ಮತ್ತೆಮತ್ತೆ ಓದಿದೆ. ಆಮೇಲೆ ಹೊಡೆಸಿದೆ. ಒಂದು ತಿಂಗಳಲ್ಲಿ ಥಿಯೇಟರ್ ಸಿಕ್ಕಿತು.

ನೀನು ಅಲ್ಲಿ ಇರಲಿಲ್ಲ. ಇದ್ದಿದ್ದರೆ ನೀನು ಏನು ಮಾಡುತ್ತಿದ್ದೆ ಎಂದು ಬರೆ ನೋಡೋಣ. ಅಂಗಡಿಯಲ್ಲಿ ಕೂತು ಇಬ್ಬರನ್ನು ಓಡಿಸುವುದು ಸುಲಭ. ನನ್ನ ಜಾಗದಲ್ಲಿ ನಿಂತು ಬರೆ.

ಹೇಝಲ್

ಇನ್ನೊಂದು. ಆ ಕಾಲದಲ್ಲಿ ನನ್ನ ಕೂದಲು ಸೊಂಟದವರೆಗೆ ಇತ್ತು. ಗೌನ್ ಬೇಡ, ಹಳದಿ ಚೂಡಿದಾರ ಹಾಕಿಕೋ. ಮಹಮೂದಣ್ಣ ಹೊಲಿದುಕೊಟ್ಟದ್ದು. ನಿನಗೆ ನೆನಪಿರಬೇಕು.

•

ಹಮ್ರಿಯಾ
ಮಾರ್ಚ್ 7, 2025

ಹೇಝಲ್,

ರಂಝಾನ್ ಬಂದಿದೆ, ಹಬ್ಬದ ಬಟ್ಟೆಯ ರಾಶಿ ತಲೆಯವರೆಗೆ ಉಂಟು. ಉಪವಾಸದಲ್ಲಿ ಬೈಯಬಾರದೆಂದು ಇಫ್ತಾರ್ ಆದ ಮೇಲೆ ಬರೆಯುತ್ತಿದ್ದೇನೆ.

ನಿನ್ನ ಜಾಗದಲ್ಲಿ ನಿಂತೆ. ನಿಂತು ನೋಡಿ ಹೇಳುತ್ತಿದ್ದೇನೆ.

ತೊಂದರೆ ಎಲ್ಲಿದೆ ಎಂದು ಕೇಳಿದಳಲ್ಲ, ಅವಳಿಗೆ ಹೇಳು. ಹಾಲಿನ ತುಂಬ ಗಂಡಸರು ಕಾಯುತ್ತಿದ್ದಾರೆ. ಪುಸ್ತಕ ಹೊಡಿ ಎನ್ನುತ್ತದೆ. ಪರದೆಯ ಹಿಂದಿನಿಂದ ಹೊಡಿ ಎನ್ನುತ್ತಿದ್ದಾರೆ. ಹೊಡೆದರೆ ಸುಮ್ಮನೆ ಆಟ, ಯಾರಿಗೂ ನೋವಿಲ್ಲ, ಎಲ್ಲರೂ ಚಪ್ಪಾಳೆ ತಟ್ಟುತ್ತಾರೆ. ಹೊಡೆಯದಿದ್ದರೆ ಊರೆಲ್ಲ ನಗುತ್ತದೆ. ಆ ಮನುಷ್ಯ ನಗುವನ್ನು ಆರಿಸಿಕೊಂಡ. ಆಮೇಲೆ ವರ್ಷಗಟ್ಟಲೆ ರೂವಿಯ ಬಸ್‌ಸ್ಟ್ಯಾಂಡಿನಲ್ಲಿ "ಓ ಮಹಮೂದ್, ಹೊಡೀಲಿಕ್ಕೆ ಆಗುದಿಲ್ವಾ?" ಎಂದು ಜನ ತಮಾಷೆ ಮಾಡುತ್ತಿದ್ದರು. ಅವರು "ಆಗುದಿಲ್ಲ ಮಾರಾಯ" ಎಂದು ಚಾ ಕುಡಿಯುತ್ತಿದ್ದರು. ಅಷ್ಟು ಜನರ ಮುಂದೆ ಎತ್ತಿದ ಕೈಯನ್ನು ಇಳಿಸುವುದಕ್ಕಿಂತ ದೊಡ್ಡ ತೊಂದರೆ ಗಂಡಸಿಗೆ ಯಾವುದುಂಟು?

ಅದು ಆ ಥಿಯೇಟರಿನವಳಿಗೆ ಕಾಣಲಿಲ್ಲ, ಸರಿ. ಆದರೆ ತಲೆ ತಗ್ಗಿಸು ಎಂದಾಗ ತಗ್ಗಿಸದವಳು ನೀನು. ಹೊಡೆಸು ಎಂದಾಗ ಹೇಗೆ ಹೊಡೆಸಿದೆ? ಅವರಿಂದ ಆಗಲಿಲ್ಲ, ನಿನ್ನಿಂದ ಆಯಿತು. ನಿಮ್ಮಿಬ್ಬರಲ್ಲಿ ಒಳ್ಳೆಯ ನಟ ಯಾರೆಂದು ನೀನೇ ನೋಡಿಕೋ.

ಕುಂಟುವುದನ್ನು ಬಿಟ್ಟಿದ್ದೇನೆ. ಬೆನ್ನು ನೆಟ್ಟಗೆ ಮಾಡಿ ಹೇಳುತ್ತೇನೆ. ಹಳದಿ ಬಟ್ಟೆ ತಂದಾಯಿತು, ನಾನೇ ಹೊಲಿಯುತ್ತೇನೆ.

ಸೈನಬ

•

ಜೆರ್ಸಿ ಸಿಟಿ
ಏಪ್ರಿಲ್ 22, 2025

ಸೈನಬ,

ಈಸ್ಟರ್ ಮುಗಿಯಿತು. ನಾಟಕವೂ ಮುಗಿಯಿತು. ಸಿನಿಮಾವೂ ಮುಗಿಯಿತು, ಶುರುವಾಗುವ ಮೊದಲೇ. ಬೇರೆಯವರು ಹೇಳುವ ಮೊದಲು ನಾನೇ ಹೇಳುತ್ತೇನೆ.

ಶನಿವಾರ ಕಡೆಯ ಪ್ರದರ್ಶನ. ಮುಂದಿನ ಸಾಲಿನಲ್ಲಿ ಸಿನಿಮಾದವರು ಕೂತಿದ್ದರು. ನಾನು ಏನೂ ತೀರ್ಮಾನ ಮಾಡಿಕೊಂಡು ಹೋಗಿರಲಿಲ್ಲ. ನಿನ್ನ ಕಾಗದ ಓದಿ ಮನಸ್ಸು ಕರಗಿತು ಎಂದು ಬೀಗಬೇಡ. ನಿನ್ನ ಕಾಗದ ಓದಿ ನನಗೆ ಬಂದದ್ದು ಸಿಟ್ಟು. ಒಳ್ಳೆಯ ನಟ ಯಾರು ಎಂದು ಕೇಳಿದೆಯಲ್ಲ, ಆ ಸಿಟ್ಟು.

ನಾನೊಬ್ಬಳೇ ಎಲ್ಲ ಪಾತ್ರ ಮಾಡುವುದರಿಂದ ಆ ಪೆಟ್ಟಿನ ಸದ್ದು ನನ್ನ ಕೈಯಿಂದ ಬರುವುದಿಲ್ಲ. ಗಂಡನಾಗಿ ಕೈ ಎತ್ತಿ ಬೀಸುತ್ತೇನೆ, ಹಿಂದೆ ಗಾಜಿನ ಕೋಣೆಯಲ್ಲಿ ಕೂತವನು ಗುಂಡಿ ಒತ್ತುತ್ತಾನೆ, ಛಟೀರ್ ಎಂದು ಕೇಳುತ್ತದೆ. ಮೂರು ವರ್ಷ ಒಂದು ದಿನವೂ ತಪ್ಪಿರಲಿಲ್ಲ.

ಕೈ ಎತ್ತಿದೆ. ಎತ್ತಿದಾಗ ಟೈ ಕಟ್ಟಿಕೊಂಡ ಮಹಮೂದಣ್ಣನ ಮುಖ ಕಂಡಿತು. ಆ ಸಂಜೆ ಪರದೆಯ ಸಂದಿನಿಂದ ಕಂಡ ಹಾಗೆಯೇ. ಆ ಮುಖದಲ್ಲಿ ಹೆದರಿಕೆ ಇರಲಿಲ್ಲ ಸೈನಬ, ನಾಚಿಕೆಯೂ ಇರಲಿಲ್ಲ. ನನ್ನ ಕೈ ನಿಂತಿತು. ಗಾಜಿನ ಕೋಣೆಯವನು ಅಭ್ಯಾಸದಂತೆ ಗುಂಡಿ ಒತ್ತಿದ. ಛಟೀರ್. ಯಾರೂ ಯಾರಿಗೂ ಹೊಡೆಯದೆ ಹಾಲಿನಲ್ಲಿ ಪೆಟ್ಟು ಕೇಳಿಸಿತು. ನನಗೆ ಗಾಬರಿ ಎಂದುಕೊಂಡು ಅವನು ಮತ್ತೆ ಒತ್ತಿದ. ಪಾಪ, ಅವನೂ ಪ್ರಾಂಪ್ಟರ್ ಅಲ್ಲವೇ. ಮೂರನೇ ಸಲ ಕೇಳಿಸಿದಾಗ ನಾನು ಅವನ ಕಡೆ ತಿರುಗಿ, ಅಮೇರಿಕಾದ ಸ್ಟೇಜಿನಲ್ಲಿ ಮೊದಲ ಸಲ, ನಮ್ಮ ಊರಿನ ಕನ್ನಡದಲ್ಲಿ ಹೇಳಿದೆ:

"ನನ್ನಿಂದ ಆಗುದಿಲ್ಲ. ಬೇಕಾದ್ರೆ ನೀವೇ ಬಂದು ಹೊಡೀರಿ."

ಹಾಲಿನಲ್ಲಿ ಯಾರಿಗೂ ಅರ್ಥವಾಗಲಿಲ್ಲ. ಕೈ ಇಳಿಸಿ, ಸ್ಟೇಜಿನ ಅಂಚಿಗೆ ಬಂದು ಕೂತು ಇಂಗ್ಲಿಷಿನಲ್ಲಿ ನಿಜ ಹೇಳಿದೆ. ಕ್ರಿಸ್ಟೋಫರನ ಪಾರ್ಟಿಯಿಂದ ಹಿಡಿದು ನಾನು ಪುಸ್ತಕ ಹಿಡಿದು ಓಡಿ ಬಂದದ್ದರವರೆಗೆ. ಆ ಗಂಡನ ಹೆಸರು ಮಹಮೂದ್ ಎಂದೂ ಹೇಳಿದೆ. ಕೆಲವರು ನಕ್ಕರು, ಕೆಲವರು ಮಧ್ಯದಲ್ಲೇ ಎದ್ದು ಹೋದರು. ಹಿಂದಿನ ಸಾಲಿನಲ್ಲಿ ಒಬ್ಬ ಮುದುಕ ಮಾತ್ರ ಜೋರಾಗಿ ಅಳುತ್ತಿದ್ದ. ಅವನು ಯಾರಿಗೆ ಹೊಡೆದಿದ್ದನೋ, ಯಾರಿಗೆ ಹೊಡೆಯಲಿಲ್ಲವೋ.

ಸಿನಿಮಾದವರು ಹೂಗುಚ್ಛ ಕಳಿಸಿ, ಪೆಟ್ಟಿಲ್ಲದೆ ಆಗುವುದಿಲ್ಲ ಎಂದರು. ನಾಟಕ ನನ್ನದು, ಕೊಡುವುದಿಲ್ಲ ಎಂದೆ. ಮುಂದಿನ ವಾರ ಒಂದು ಸೀರಿಯಲ್ಲಿಗೆ ಕರೆದಿದ್ದಾರೆ. ಹುಡುಗನ ತಾಯಿ. ಹೋಗುತ್ತೇನೆ. ಈ ಸಲ ಅವಳ ಕೈಯಲ್ಲಿ ಏನಿರಬೇಕೆಂದು ಯೋಚಿಸುತ್ತಿದ್ದೇನೆ.

ಅಫ್ವಾನನಿಗೆ ಒಂದು ಕಾಗದ ಬೇರೆ ಇಟ್ಟಿದ್ದೇನೆ. ನೀನು ಓದಬೇಡ. ದುಕ್ಮಿಗೆ ಹೋಗುವ ಬಸ್ಸಿನಲ್ಲಿ ಅವನು ಗಟ್ಟಿಯಾಗಿ ಓದಲಿ.

ಹೇಝಲ್

•

ಹಮ್ರಿಯಾ
ಮೇ 9, 2025

ಹೇಝಲ್,

ಮಗನ ಕಾಗದ ನಾನು ಓದಲಿಲ್ಲ. ಅವನೇ ಓದಿ ಹೇಳಿದ. ಆಮೇಲೆ ಅಂಗಡಿಗೆ ಹೋಗಿ ಬಾಪನ ಮೆಷಿನ್ ಮುಂದೆ ಸ್ವಲ್ಪ ಹೊತ್ತು ಕೂತು ಬಂದ.

ನಿನಗೆ ಉಪಕಾರ ಎಂದು ಬರೆಯುವುದಿಲ್ಲ. ತೆಗೆದುಕೊಂಡು ಹೋದದ್ದನ್ನು ವಾಪಸ್ ತಂದಿಟ್ಟವರಿಗೆ ಯಾರೂ ಉಪಕಾರ ಹೇಳುವುದಿಲ್ಲ.

ನನ್ನ ನಾಟಕವನ್ನು ನಿಲ್ಲಿಸುತ್ತೇನೆ ಎಂದುಕೊಂಡೆಯಾ? ಇಲ್ಲ ಮಾರಾಯ್ತಿ. ಹೆಣದ ದೃಶ್ಯ ತೆಗೆದೆ, ಉಳಿದದ್ದು ಇದೆ. ಕೊನೆಯಲ್ಲಿ ಈಗ ನೀನು ಅಮೇರಿಕಾದ ಸ್ಟೇಜಿನಲ್ಲಿ ಕೈ ಎತ್ತಿ ನಿಂತಿರುತ್ತೀ. ಅಲ್ಲಿಂದ ಮೂರನೇ ಅಂಕದ ಆ ಸಂಜೆಗೆ ಹೋಗುತ್ತೇವೆ. ಹಳದಿ ಚೂಡಿದಾರದಲ್ಲಿ ನಾನು ಹೇಝಲ್. ಸೈನಬ ಆಗುವವಳು ರಸೀನಾ, ಉಮ್ಮಮ್ಮನಷ್ಟು ಚೆಂದ ಮಾಡುವುದಿಲ್ಲ, ಕಲಿಯುತ್ತಾಳೆ. ಮಹಮೂದ್ ನಮ್ಮ ಕ್ರಿಸ್ಟೋಫರ್. ಆವತ್ತು ತಪ್ಪಿಸಿಕೊಂಡದ್ದಕ್ಕೆ ಈಗ ಬಂದು ನಿಲ್ಲಲಿ. ಅವನಿಗೆ ಅರವತ್ತು ದಾಟಿತು, ಒಂದು ಸಾಲೂ ತಲೆಯಲ್ಲಿ ನಿಲ್ಲುವುದಿಲ್ಲ. ಈಗಿನ ಮಕ್ಕಳಿಗೆ ಕನ್ನಡ ಓದಲು ಬರುವುದಿಲ್ಲ, ಪರದೆಯ ಹಿಂದೆ ನಿಲ್ಲಿಸೋಣವೆಂದರೆ ಯಾರೂ ಇಲ್ಲ.

ನವೆಂಬರಿನಲ್ಲಿ ಬಾ. ನಮ್ಮವರು ಹೊಲಿದ ಆ ಪರದೆಯನ್ನು ಸಂಘದ ಗೋದಾಮಿನಿಂದ ತಂದು ಒಗೆದು ಇಟ್ಟಿದ್ದೇನೆ. ಪುಸ್ತಕ ಕೈಗೆ ಕೊಡುತ್ತೇನೆ. ಒಂದೇ ಮಾತು, ಈ ಸಲವಾದರೂ ಬ್ರಾಕೆಟಿನಲ್ಲಿ ಇದ್ದದ್ದನ್ನು ಓದಬೇಡ.

ಸೈನಬ